ಮೀನಿನ ಮೈಮೇಲೆ ಉಪ್ಪಿನ ಹರಳು

ಪ್ರಶ್ನೆ: ಮಗಳ ಹುಟ್ಟುಹಬ್ಬಕ್ಕೆ 40 ಲೀಟರಿನ ಗಾಜಿನ ತೊಟ್ಟಿ ತಂದಿದ್ದೆವು. ಗಪ್ಪಿ, ಮೋಲಿ ಚೆನ್ನಾಗಿಯೇ ಇದ್ದವು. ಮೂರು ವಾರದ ಹಿಂದೆ ಇನ್ನೆರಡು ಗಪ್ಪಿ ತಂದು ಬಿಟ್ಟೆವು. ಆಮೇಲೆ ಎಲ್ಲದರ ಮೈಮೇಲೂ ಉಪ್ಪು ಉದುರಿಸಿದಂತೆ ಬಿಳಿ ಚುಕ್ಕೆ. ತೊಟ್ಟಿ ಖಾಲಿ ಮಾಡಿ ತೊಳೆದು, ಅಂಗಡಿಯವರು ಕೊಟ್ಟ ನೀಲಿ ಔಷಧಿ ಮೂರು ದಿನ ಹಾಕಿದೆ. ಚುಕ್ಕೆ ಹೋಗಿ ಮತ್ತೆ ಬಂತು, ಮೊದಲಿಗಿಂತ ಜಾಸ್ತಿ. ಎರಡು ಸತ್ತವು. ತಪ್ಪು ನನ್ನದೇ?
– ಒಬ್ಬ ತಾಯಿ, ಮೈಸೂರು

ಉತ್ತರ: ಚುಕ್ಕೆ ಔಷಧಿಯಿಂದ ಹೋದದ್ದಲ್ಲಮ್ಮಾ, ತಾನಾಗಿ ಉದುರಿದ್ದು. ಬಹಳ ಜನ ಎಡವುವುದು ಇಲ್ಲೇ.

ಇದು 'ಇಕ್' ಎಂಬ ಬಿಳಿಚುಕ್ಕೆ ರೋಗ. ಮೀನಿನ ಚರ್ಮದೊಳಗೆ ಕೂತ ಪರೋಪಜೀವಿಯೇ ಆ ಚುಕ್ಕೆ. ಅಲ್ಲಿರುವಷ್ಟು ದಿನ ಅದಕ್ಕೆ ಯಾವ ಔಷಧಿಯೂ ತಾಗದು. ಹೊಟ್ಟೆ ತುಂಬಿದ ಮೇಲೆ ತಳಕ್ಕೆ ಬಿದ್ದು, ಕೋಶ ಕಟ್ಟಿಕೊಂಡು, ಒಂದು ಹೋಗಿ ನೂರಾರಾಗುತ್ತದೆ. ಆ ಮರಿಗಳು ಮೀನು ಹುಡುಕುತ್ತಾ ಈಜುತ್ತವಲ್ಲ, ಔಷಧಿ ಕೊಲ್ಲುವುದು ಅವನ್ನು ಮಾತ್ರ. ನೀವು ನಿಲ್ಲಿಸಿದ್ದು ಸರಿಯಾಗಿ ಅವು ಹೊರಬರುವ ಹೊತ್ತಿಗೆ. ನೀರು 25 ಡಿಗ್ರಿ ಇದ್ದರೆ ಈ ಸುತ್ತು ಸುಮಾರು ಒಂದು ವಾರದ್ದು. ಚಳಿಗಾಲದ ತಣ್ಣೀರಿನಲ್ಲಿ ವಾರಗಟ್ಟಲೆ ಎಳೆಯುತ್ತದೆ.

ಹಾಗಾಗಿ ಹೀಟರ್ ಹಾಕಿ, ಒಂದೆರಡು ದಿನದಲ್ಲಿ ನಿಧಾನವಾಗಿ 29–30 ಡಿಗ್ರಿಗೆ ಏರಿಸಿ. ಬಿಸಿ ನೀರಿನಲ್ಲಿ ಆಮ್ಲಜನಕ ಕಡಿಮೆ, ಏರ್ ಪಂಪ್ ಹಗಲು ರಾತ್ರಿ ಓಡಲಿ. ಲೀಟರಿಗೆ 2 ಗ್ರಾಂ ಲೆಕ್ಕದಲ್ಲಿ 80 ಗ್ರಾಂ ಕಲ್ಲುಪ್ಪನ್ನು ಮಗ್ಗಿನಲ್ಲಿ ಕರಗಿಸಿ, ಎರಡು ದಿನದಲ್ಲಿ ನಾಲ್ಕು ಕಂತಾಗಿ ಸುರಿಯಿರಿ. ಗಪ್ಪಿ, ಮೋಲಿ ಇದನ್ನು ಸಲೀಸಾಗಿ ತಡೆಯುತ್ತವೆ. ಗಿಡಗಳಿದ್ದರೆ ಕೆಲವು ಬಾಡಬಹುದು. ಉಪ್ಪು ಇರುವಾಗ ನೀಲಿ ಔಷಧಿ ಬೇಡ. ಅರಿಶಿನ, ಬೇವಿನ ಕಷಾಯ ಎಂದು ಪಕ್ಕದ ಮನೆಯವರು ಹೇಳಿದರೆ ನಕ್ಕು ಸುಮ್ಮನಾಗಿ. ಎರಡು ದಿನಕ್ಕೊಮ್ಮೆ ಪೈಪಿನಿಂದ ತಳದ ಕೊಳೆ ಎಳೆದು ಕಾಲುಭಾಗ ನೀರು ಬದಲಿಸಿ, ಹೊಸ ನೀರಿಗೆ ಮಾತ್ರ ಅದರ ಪಾಲಿನ ಉಪ್ಪು ಸೇರಿಸಿ.

ತೊಟ್ಟಿ ತೊಳೆದದ್ದು ಎರಡನೇ ಪೆಟ್ಟು. ಫಿಲ್ಟರಿನ ಸ್ಪಂಜಿನಲ್ಲಿರುವ ಬ್ಯಾಕ್ಟೀರಿಯಾಗಳೇ ಮೀನಿನ ಹೊಲಸಿನ ಅಮೋನಿಯಾವನ್ನು ಅರಗಿಸುವುದು. ನಲ್ಲಿ ನೀರಿನ ಕ್ಲೋರಿನ್‌ಗೆ ಅವು ಸಾಯುತ್ತವೆ. ನಾನೂ ಒಮ್ಮೆ ಸ್ಪಂಜನ್ನು ಸೋಪು ಹಾಕಿ ಬೆಳ್ಳಗೆ ತೊಳೆದು, ವಾರದಲ್ಲಿ ಆರು ಮೀನು ಕಳಕೊಂಡವನೇ! ಸ್ಪಂಜನ್ನು ತೊಟ್ಟಿಯಿಂದ ತೆಗೆದ ಹಳೇ ನೀರಿನಲ್ಲೇ ಹಿಂಡಿ. ಹೊಸ ನೀರಿಗೆ ಅಂಗಡಿಯಲ್ಲಿ ಸಿಗುವ ಕ್ಲೋರಿನ್ ನಿವಾರಕದ ಹನಿ ಹಾಕಿ.

ರೋಗ ಬಹುಶಃ ಆ ಹೊಸ ಗಪ್ಪಿಗಳ ಜೊತೆ ಬಂತು. ಇನ್ನು ಮುಂದೆ ಹೊಸ ಮೀನನ್ನು ಮೂರು ವಾರ ಬೇರೆ ಬಕೆಟ್ಟಿನಲ್ಲಿಡಿ. ಅದಕ್ಕೂ ಒಂದು ಪುಟ್ಟ ಸ್ಪಂಜ್ ಫಿಲ್ಟರ್ ಇರಲಿ.

ಮಗಳಿಗೊಂದು ಕೆಲಸ ಕೊಡಿ. ದಿನಾ ಬೆಳಿಗ್ಗೆ ಟಾರ್ಚನ್ನು ಓರೆಯಾಗಿ ಹಿಡಿದು ಚುಕ್ಕೆ ಎಣಿಸಿ ಕ್ಯಾಲೆಂಡರಿನಲ್ಲಿ ಬರೆಯಲಿ. ಸೊನ್ನೆ ಬಿದ್ದ ದಿನದಿಂದ ಇನ್ನೂ ಒಂದು ವಾರ ಉಪ್ಪೂ ಹೀಟರೂ ಹಾಗೇ ಇರಲಿ.