ಸೋಲದ ತಂಡ

ಫುಟ್‌ಬಾಲ್ ಅಂದರೆ ಚೆಂಡು ಒದೆಯುವ ಆಟ. ನಮಗೆಲ್ಲ ಗೊತ್ತು. ಆದರೆ ಅಮೆರಿಕದವರ ಫುಟ್‌ಬಾಲ್ ಬೇರೆ. ಅವರ ಚೆಂಡು ಗುಂಡಗಿಲ್ಲ, ಎರಡೂ ತುದಿ ಚೂಪು. ಅದನ್ನು ಕೈಯಲ್ಲಿ ಹಿಡಿದು ಓಡುತ್ತಾರೆ. ಎದುರಾಳಿಗಳು ಮೇಲೆ ಬಿದ್ದು ಕೆಡವುತ್ತಾರೆ. ತಪ್ಪಿಸಿಕೊಂಡು ಅವರ ಕೊನೆಯ ಗೆರೆ ದಾಟಿದರೆ 6 ಅಂಕ.

ಅಮೆರಿಕದ ವೆಸ್ಟ್ ಪಾಯಿಂಟ್‌ನಲ್ಲಿ ಸೈನ್ಯದ ಅಧಿಕಾರಿಗಳನ್ನು ತಯಾರು ಮಾಡುವ ಕಾಲೇಜಿದೆ. 1944ರಲ್ಲಿ ಎರಡನೇ ಮಹಾಯುದ್ಧ ನಡೆದಿತ್ತು. ಆ ವರ್ಷ ಈ ಕಾಲೇಜಿನ ತಂಡ 9 ಪಂದ್ಯ ಆಡಿತು. ಒಂಬತ್ತನ್ನೂ ಗೆದ್ದಿತು! ಗಳಿಸಿದ ಅಂಕ 504. ಒಂಬತ್ತರಿಂದ ಭಾಗಿಸಿ ನೋಡಿ. ಪಂದ್ಯಕ್ಕೆ 56 ಬಂತಲ್ಲವೇ? ಬಿಟ್ಟುಕೊಟ್ಟದ್ದು ಬರೀ 35. ಗ್ಲೆನ್ ಡೇವಿಸ್ ಎಂಬ ಹುಡುಗ ಒಬ್ಬನೇ 20 ಸಲ ಗೆರೆ ದಾಟಿದ.

ನೋಟರ್ ಡೇಮ್ ಎಂಬ ತಂಡದ ಎದುರು ಹಿಂದಿನ 5 ವರ್ಷ ಇವರಿಗೆ ಒಂದು ಅಂಕವೂ ಸಿಕ್ಕಿರಲಿಲ್ಲ. ಈ ಸಲ 59 ಹೊಡೆದರು. ಎದುರಾಳಿಗೆ ಸೊನ್ನೆ! ಐದು ವರ್ಷದ ಸಿಟ್ಟು ಒಂದೇ ದಿನ ತೀರಿತು ಅನ್ನಿ.

ಕೊನೆಯ ಪಂದ್ಯ ನೌಕಾಪಡೆಯ ಕಾಲೇಜಿನ ಜೊತೆ, ಡಿಸೆಂಬರ್ 2ರಂದು, ಬಾಲ್ಟಿಮೋರ್ ನಗರದಲ್ಲಿ. ಟಿಕೆಟ್ ಬೇಕಾದವರು ಯುದ್ಧದ ಸಾಲಪತ್ರ ಕೊಳ್ಳಬೇಕಿತ್ತು. ಅಂದರೆ, ಯುದ್ಧದ ಖರ್ಚಿಗೆ ಸರ್ಕಾರಕ್ಕೆ ಮೊದಲು ಸಾಲ ಕೊಡಬೇಕು, ಆಮೇಲೆ ಆಟ ನೋಡಬೇಕು. ಜನ ಕೊಟ್ಟರು, ನೋಡಿದರು. ವೆಸ್ಟ್ ಪಾಯಿಂಟ್ 23, ನೌಕಾಪಡೆ 7.

ಇವರು ಬರೀ ಆಟಗಾರರಲ್ಲ. ಓದು ಮುಗಿದರೆ ಸೈನ್ಯಕ್ಕೆ ಹೋಗುವವರು. ತಂಡದ ನಾಯಕ ಟಾಮ್ ಲೊಂಬಾರ್ಡೊ. 1950ರಲ್ಲಿ ಕೊರಿಯಾದಲ್ಲಿ ಯುದ್ಧ ಶುರುವಾಯಿತು. ಲೊಂಬಾರ್ಡೊ ಅಲ್ಲಿಗೆ ಹೋದರು. ಆ ಸೆಪ್ಟೆಂಬರ್ ತಿಂಗಳಲ್ಲೇ ಕಾಳಗದಲ್ಲಿ ಪ್ರಾಣ ಬಿಟ್ಟರು.