ಎತ್ತರದ ಗಾಳಿಯೂ ವಿಮಾನಚಾಲಕರ ಶಿಕ್ಷಣವೂ



ನಮ್ಮ ಶಾಲೆಯ ಒಂಬತ್ತನೆಯ ತರಗತಿಯಲ್ಲಿ ವಾಯುವಿನ ಒತ್ತಡವನ್ನು ಕುರಿತು ಪಾಠ ಹೇಳುತ್ತಿದ್ದಾಗ, ಮಸ್ಕಿಯ ಕಡೆಯ ಒಬ್ಬ ಬಾಲಕಿಯು ಎದ್ದು ನಿಂತು, "ಅಕ್ಕನವರೇ, ಎತ್ತರದ ಗಾಳಿಯಲ್ಲಿಯೂ ಆಮ್ಲಜನಕವು ನೂರಕ್ಕೆ ಇಪ್ಪತ್ತೊಂದು ಪಾಲು ಇರುವುದಾದರೆ, ಅಲ್ಲಿ ವಿಮಾನ ನಡೆಸುವವರು ಮೂರ್ಛೆ ಹೋಗುವುದೇಕೆ?" ಎಂದು ಕೇಳಿದಳು. ಆಕೆಗೆ ವಿಮಾನಚಾಲಕಿಯಾಗುವ ಆಸೆಯುಂಟೆಂದು ಅಂದೇ ನಮಗೆ ತಿಳಿಯಿತು. ಕೆಲವು ದಿನಗಳ ಮೇಲೆ ಪೋಷಕರ ಸಭೆಗೆ ಬಂದ ಆಕೆಯ ತಂದೆಯವರು ನಕ್ಕು, "ರಾತ್ರಿ ಬಾಗಿಲಿಗೆ ಅಗಳಿ ಹಾಕಿದ ಮೇಲೂ ಎದ್ದು ಹೋಗಿ ಮತ್ತೊಮ್ಮೆ ನೋಡಿ ಬರುವ ಹುಡುಗಿ ಇವಳು, ಇಂಥ ಅಂಜುಬುರುಕಿ ವಿಮಾನ ನಡೆಸುವುದುಂಟೇ?" ಎಂದರು. ಮಗಳ ಪ್ರಶ್ನೆಗೂ ತಂದೆಯ ಪ್ರಶ್ನೆಗೂ ಒಂದೇ ಪಾಠದಲ್ಲಿ ಉತ್ತರವಿರುವುದರಿಂದ ಅದನ್ನು ಇಲ್ಲಿ ವಿಸ್ತರಿಸಿ ಬರೆಯುತ್ತೇವೆ.

ಸಿಂಧನೂರಿನ ಗೋದಾಮುಗಳಲ್ಲಿ ಭತ್ತದ ಚೀಲಗಳನ್ನು ಒಂದರ ಮೇಲೊಂದು ಪೇರಿಸಿರುವುದನ್ನು ನೀವೆಲ್ಲರೂ ಕಂಡಿದ್ದೀರಿ. ತಳದ ಚೀಲವು ಮೇಲಿನ ಎಲ್ಲ ಚೀಲಗಳ ಭಾರವನ್ನು ಹೊತ್ತು ಒತ್ತಿಕೊಂಡಿರುವುದು. ತುದಿಯ ಚೀಲದ ಮೇಲೆ ಭಾರವೇ ಇಲ್ಲ. ವಾಯುಮಂಡಲವೂ ಹಾಗೆಯೇ. ಸಮುದ್ರಮಟ್ಟದಲ್ಲಿ ಗಾಳಿಯ ಒತ್ತಡವು 760 ಮಿಲಿಮೀಟರ್ ಪಾದರಸವನ್ನು ಎತ್ತಿ ಹಿಡಿಯುವಷ್ಟಿದ್ದರೆ, 18,000 ಅಡಿಗಳ ಎತ್ತರದಲ್ಲಿ ಅದು ಸರಿಸುಮಾರು ಅದರ ಅರ್ಧಕ್ಕೆ ಇಳಿಯುವುದು. ಲಿಂಗಸುಗೂರು ತಾಲೂಕಿನ ಹಟ್ಟಿಯ ಚಿನ್ನದ ಗಣಿಗೆ ಇಳಿಯುವವರ ಮೇಲೆ ಈ ಭಾರವು ಕೊಂಚ ಹೆಚ್ಚುವುದು. ಆಕಾಶಕ್ಕೆ ಏರುವವರ ಮೇಲೆ ಕಡಿಮೆಯಾಗುವುದು. ಸಿಂಧನೂರು, ಮಸ್ಕಿ, ಲಿಂಗಸುಗೂರುಗಳು ಸಮುದ್ರಮಟ್ಟದಿಂದ 2,000 ಅಡಿಗಿಂತ ಕೆಳಗೇ ಇರುವುದರಿಂದ ನಮ್ಮ ದೇಹಗಳು ದಟ್ಟವಾದ ಗಾಳಿಗೆ ಒಗ್ಗಿದವುಗಳು.

ಈಗ ಬಾಲಕಿಯ ಪ್ರಶ್ನೆಗೆ ಬರೋಣ. ಹೊಲವನ್ನು ಪಾಲಿಗೆ ಕೊಟ್ಟವನಿಗೆ ರಾಶಿಯ ಐದರಲ್ಲಿ ಒಂದು ಪಾಲು ಸಲ್ಲತಕ್ಕದ್ದೆಂದು ಇಟ್ಟುಕೊಳ್ಳಿರಿ. ನೂರು ಚೀಲ ಬೆಳೆದ ವರ್ಷ ಅವನಿಗೆ ಇಪ್ಪತ್ತು ಚೀಲ. ಐವತ್ತೇ ಬೆಳೆದ ವರ್ಷ ಹತ್ತು. ಪಾಲು ಬದಲಾಗಲಿಲ್ಲ, ಮನೆಗೆ ಬಂದ ಧಾನ್ಯ ಮಾತ್ರ ಅರ್ಧವಾಯಿತು. ಎತ್ತರದಲ್ಲಿ ಆಮ್ಲಜನಕದ ಸ್ಥಿತಿಯೂ ಇದೇ. ಅದರ ಪಾಲು ಅಷ್ಟೇ ಇದ್ದರೂ ಗಾಳಿಯೇ ತೆಳುವಾಗಿರುವ ಕಾರಣ, ಶ್ವಾಸಕೋಶದಿಂದ ರಕ್ತಕ್ಕೆ ಸೇರುವ ಆಮ್ಲಜನಕ ಸಾಲದೆ ಹೋಗುವುದು. ಆದಕಾರಣವೇ 30,000 ಅಡಿಗಳಿಗೂ ಮೇಲೆ ಹಾರುವ ಪ್ರಯಾಣಿಕರ ವಿಮಾನಗಳ ಒಳಗೆ ಗಾಳಿಯನ್ನು ಒತ್ತಿ ತುಂಬಿ, ಸುಮಾರು 6,000ದಿಂದ 8,000 ಅಡಿ ಎತ್ತರದ ಬೆಟ್ಟದ ಮೇಲಿರುವಂಥ ಸ್ಥಿತಿಯನ್ನು ಕಾಪಾಡುವರು. ಯುದ್ಧವಿಮಾನದ ಚಾಲಕರಾದರೋ ಮುಖವಾಡದ ಮೂಲಕ ಆಮ್ಲಜನಕವನ್ನು ಸೇವಿಸುವರು.

ಈ ಕೊರತೆಯಿಂದ ಮೊದಲು ಕುಂದುವ ಅಂಗವು ಮೆದುಳು. ಕೈ ಸುಟ್ಟರೆ ನೋವು ಎಚ್ಚರಿಸುವುದು. ಹಸಿವಾದರೆ ಹೊಟ್ಟೆ ಎಚ್ಚರಿಸುವುದು. ಆಮ್ಲಜನಕವು ಕಡಿಮೆಯಾದಾಗ ಅನೇಕರಿಗೆ ನೋವೂ ಇಲ್ಲ, ಭಯವೂ ಇಲ್ಲ. ಬದಲಾಗಿ ಒಂದು ವಿಧವಾದ ಉಲ್ಲಾಸವೇ ತೋರುವುದು. ತಪ್ಪನ್ನು ಕಂಡುಹಿಡಿಯಬೇಕಾದ ಬುದ್ಧಿಯೇ ಮಂಕಾಗುವುದರಿಂದ, ತಪ್ಪು ಮಾಡುತ್ತಿರುವವನಿಗೆ ತಾನು ಸರಿಯಾಗಿಯೇ ಇರುವೆನೆಂದು ತೋರುವುದು. ಈ ಅಪಾಯದ ನಿಜವಾದ ಮುಖವು ಇದೇ.

1875ನೆಯ ಇಸವಿಯ ಏಪ್ರಿಲ್ 15ರಂದು ಫ್ರಾನ್ಸ್ ದೇಶದ ಕ್ರೋಚೆ ಸ್ಪಿನೆಲ್ಲಿ, ಸಿವೆಲ್, ಟಿಸಾಂಡಿಯೆ ಎಂಬ ಮೂವರು 'ಜೆನಿತ್' ಎಂಬ ಬಲೂನಿನಲ್ಲಿ 8,000 ಮೀಟರುಗಳಿಗೂ ಮೇಲೆ ಏರಿದರು. ಅವರಲ್ಲಿ ಮೊದಲಿನ ಇಬ್ಬರು ಹಿಂದಿನ ವರ್ಷವೇ ಪಾಲ್ ಬೆರ್ ಎಂಬ ವಿಜ್ಞಾನಿಯ ಒತ್ತಡ ತಗ್ಗಿಸುವ ಕೋಣೆಯಲ್ಲಿ ಕುಳಿತು, ಆಮ್ಲಜನಕದ ಗುಣವನ್ನು ಕಣ್ಣಾರೆ ಕಂಡಿದ್ದವರು. ಬಲೂನಿನಲ್ಲಿಯೂ ಆಮ್ಲಜನಕದ ಚೀಲಗಳಿದ್ದವು. ಅದು ಸಾಲದೆಂದು ಬೆರ್ ಬರೆದ ಕಾಗದವು ತಡವಾಗಿ ತಲುಪಿತು. ಇರುವುದು ಸ್ವಲ್ಪವೆಂದು, ನಿಜವಾಗಿ ಬೇಕಾದಾಗ ಬಳಸೋಣವೆಂದು ಅವರು ಅದನ್ನು ಉಳಿಸಿಟ್ಟುಕೊಂಡರು. ಬೇಕಾದ ಗಳಿಗೆ ಬಂದಾಗ ಕೈಗಳು ಮೇಲಕ್ಕೇಳಲಿಲ್ಲ. ಟಿಸಾಂಡಿಯೆ ಒಬ್ಬನೇ ಜೀವಸಹಿತ ಇಳಿದನು. ಅರಿವಿತ್ತು, ಸಾಧನವೂ ಇತ್ತು. ತಕ್ಕ ಕಾಲಕ್ಕೆ ಕೈ ನಡೆಯುವಂತೆ ಮಾಡುವ ಅಭ್ಯಾಸವೊಂದೇ ಇರಲಿಲ್ಲ.

ಆ ಅಭ್ಯಾಸವನ್ನು ಕಲಿಸುವ ಸ್ಥಳವು ನಮ್ಮ ನಾಡಿನಲ್ಲಿಯೇ ಉಂಟು. ಬೆಂಗಳೂರಿನ ಹಳೆಯ ವಿಮಾನನಿಲ್ದಾಣದ ರಸ್ತೆಯಲ್ಲಿ ಭಾರತೀಯ ವಾಯುಪಡೆಯ ಇನ್‌ಸ್ಟಿಟ್ಯೂಟ್ ಆಫ್ ಏರೋಸ್ಪೇಸ್ ಮೆಡಿಸಿನ್ ಎಂಬ ಸಂಸ್ಥೆಯಿರುವುದು. 1957ರಲ್ಲಿ ವಾಯುಯಾನ ವೈದ್ಯಶಾಸ್ತ್ರದ ಶಾಲೆಯಾಗಿ ಆರಂಭವಾದ ಇದರಲ್ಲಿಯೇ ರಾಕೇಶ್ ಶರ್ಮಾ ಅವರು ಬಾಹ್ಯಾಕಾಶಯಾನಕ್ಕೆ ಮುಂಚೆ ಪರೀಕ್ಷಿಸಲ್ಪಟ್ಟರು. ಗಗನಯಾನಕ್ಕೆಂದು 2019ರಲ್ಲಿ ಚಾಲಕರನ್ನು ಆರಿಸಿದ್ದೂ ಇಲ್ಲಿಯೇ. ಭೂಮಿಯ ಮೇಲೆಯೇ ಆಕಾಶದ ಎತ್ತರವನ್ನು ಉಂಟುಮಾಡುವ ಉಕ್ಕಿನ ಕೋಣೆಯು ಇಂಥ ಸಂಸ್ಥೆಗಳ ಮುಖ್ಯ ಸಾಧನ. ಪಂಪುಗಳು ಒಳಗಿನ ಗಾಳಿಯನ್ನು ಹೊರಗೆಳೆದಂತೆಲ್ಲ ಕೋಣೆಯು "ಮೇಲೇರು"ವುದು.

ಇಂಥ ಶಿಕ್ಷಣದ ಕ್ರಮವು ಹೀಗಿರುವುದು. ಮೊದಲು ಶಿಕ್ಷಣಾರ್ಥಿಗಳು ಮುಖವಾಡ ಧರಿಸಿ ಕೆಲಹೊತ್ತು ಶುದ್ಧ ಆಮ್ಲಜನಕವನ್ನೇ ಉಸಿರಾಡುವರು. ಗೋಲಿ ಸೋಡಾದ ಗೋಲಿಯನ್ನು ಒತ್ತಿದೊಡನೆ ಗುಳ್ಳೆಗಳೇಳುವಂತೆ, ಒತ್ತಡ ತಗ್ಗಿದಾಗ ರಕ್ತದಲ್ಲಿರುವ ಸಾರಜನಕವು ಗುಳ್ಳೆಗಟ್ಟಬಾರದೆಂದು ಅದನ್ನು ಹೀಗೆ ಮೊದಲೇ ಹೊರಹಾಕುವರು. ಬಳಿಕ ಕೋಣೆಯನ್ನು ಸುಮಾರು 25,000 ಅಡಿಗಳಿಗೆ ಏರಿಸಿ, ಒಬ್ಬನ ಮುಖವಾಡವನ್ನು ತೆಗೆಯಿಸುವರು. ಪಕ್ಕದವನು ಮುಖವಾಡ ಧರಿಸಿಯೇ ಇದ್ದು ಅವನನ್ನು ನೋಡಿಕೊಳ್ಳುವನು. ಕೈಗೆ ಕಾಗದ ಕೊಟ್ಟು, ತನ್ನ ಹೆಸರನ್ನು ಬರೆಯೆಂದೂ ಒಂದು ದೊಡ್ಡ ಸಂಖ್ಯೆಯಿಂದ ಏಳನ್ನು ಕಳೆಯುತ್ತ ಹೋಗೆಂದೂ ಹೇಳುವರು. ಆ ಎತ್ತರದಲ್ಲಿ ಬುದ್ಧಿ ನೆಟ್ಟಗಿರುವ ಅವಧಿಯು ಮೂರರಿಂದ ಐದು ನಿಮಿಷ ಮಾತ್ರ. 35,000 ಅಡಿಗಳಲ್ಲಾದರೆ ಅರ್ಧ ನಿಮಿಷದಿಂದ ಒಂದು ನಿಮಿಷ. 40,000 ಅಡಿಗಳಲ್ಲಿ ಹದಿನೈದು ಇಪ್ಪತ್ತು ಸೆಕೆಂಡುಗಳು. ಸ್ವಲ್ಪ ಹೊತ್ತಿನಲ್ಲಿಯೇ ಅಕ್ಷರಗಳು ಓರೆಯಾಗಿ, ಲೆಕ್ಕವು ತಪ್ಪುವುದು. ಬರೆಯುವವನು ಮಾತ್ರ ನಗುತ್ತಿರುವನು. ಮುಖವಾಡವನ್ನು ಮರಳಿ ತೊಡಿಸಿದೊಡನೆ ಬುದ್ಧಿ ತಿಳಿಯಾಗಿ, ತನ್ನ ಬರಹವನ್ನು ತಾನೇ ಕಂಡು ನಾಚುವನು.

ಈ ನಾಚಿಕೆಯೇ ಪಾಠದ ಸಾರ. ಒಬ್ಬನಿಗೆ ಬೆರಳ ತುದಿಗಳು ಜುಮ್ಮೆನ್ನುವುವು. ಒಬ್ಬನಿಗೆ ಮೈ ಬೆಚ್ಚಗಾಗುವುದು. ಮತ್ತೊಬ್ಬನಿಗೆ ಕಣ್ಣು ಮಸುಕಾಗುವುದು, ಇಲ್ಲವೆ ಕಾರಣವಿಲ್ಲದೆ ಸಿಟ್ಟು ಬರುವುದು. ತನ್ನ ದೇಹವು ತೋರುವ ಮೊದಲ ಗುರುತು ಯಾವುದೆಂದು ಪ್ರತಿಯೊಬ್ಬನೂ ಅರಿತುಕೊಳ್ಳಬೇಕು. ಆ ಗುರುತು ಕಂಡೊಡನೆ, ಇದು ನಿಜವೋ ಭ್ರಮೆಯೋ ಎಂದು ವಿಚಾರಿಸುತ್ತ ಕೂಡದೆ, ಶುದ್ಧ ಆಮ್ಲಜನಕವನ್ನು ತೆರೆದುಕೊಂಡು, ನಳಿಕೆಯ ಜೋಡಣೆಗಳನ್ನು ನೋಡಿ, ವಿಮಾನವನ್ನು 10,000 ಅಡಿಗಳ ಆಚೀಚೆಗೆ ಇಳಿಸಬೇಕು. ವಿಚಾರಮಾಡುವ ಶಕ್ತಿಯೇ ಹೋಗುತ್ತಿರುವಾಗ ವಿಚಾರವನ್ನು ನಂಬಿದರೆ ಗತಿಯೇನು? ಮಗ್ಗಿಯನ್ನು ಬಾಯಿಗೆ ಬರಿಸಿಕೊಂಡಂತೆ ಈ ಕ್ರಮವನ್ನು ಕೈಗೆ ಬರಿಸಿಕೊಂಡಿರಬೇಕು.

ಯಂತ್ರಗಳು ಎಷ್ಟು ಬಲ್ಲವಾದರೂ ಈ ಪಾಠವು ಹಳತಾಗಿಲ್ಲ. 2005ರ ಆಗಸ್ಟ್ 14ರಂದು ಸೈಪ್ರಸ್ಸಿನಿಂದ ಅಥೆನ್ಸಿಗೆ ಹೊರಟ ಒಂದು ವಿಮಾನದಲ್ಲಿ, ಒಳಗಿನ ಒತ್ತಡವನ್ನು ಕಾಯುವ ಗುಂಡಿಯು ತಪ್ಪು ಸ್ಥಾನದಲ್ಲಿ ಉಳಿದಿತ್ತು. ಹೊರಡುವ ಮುನ್ನ ನೋಡಬೇಕಾದ ಪಟ್ಟಿಯಲ್ಲಿ ಅದು ಇದ್ದರೂ ಕಣ್ಣಿಗೆ ಬೀಳಲಿಲ್ಲ. ಮೇಲೇರುತ್ತಿರುವಾಗ ಎಚ್ಚರಿಕೆಯ ಕೊಂಬು ಕೂಗಿತು. ಚಾಲಕರು ಅದನ್ನು ಬೇರೊಂದು ಎಚ್ಚರಿಕೆಯೆಂದು ತಿಳಿದರು. ಕೆಲವೇ ನಿಮಿಷಗಳಲ್ಲಿ ಅವರು ಪ್ರಜ್ಞೆ ತಪ್ಪಿದರು. ವಿಮಾನವು ತಾನಾಗಿಯೇ ಹಾರಿ, ಇಂಧನ ಮುಗಿದು ಬಿದ್ದುಹೋಯಿತು. ಅದರಲ್ಲಿದ್ದ 121 ಮಂದಿಯೂ ಮಡಿದರು. ಒಂದು ಗುಂಡಿಯನ್ನು ಎರಡನೆಯ ಸಲ ನೋಡಿದ್ದರೆ!

ಈಗ ತಂದೆಯವರ ಪ್ರಶ್ನೆಗೆ ಬರುತ್ತೇವೆ. ಮಹಾಶಯರೇ, ಅಗಳಿಯನ್ನು ಎರಡು ಸಲ ನೋಡುವುದು ಅಂಜಿಕೆಯಲ್ಲ. "ನಾನು ಹಾಕಿದ್ದೇನೆಂದು ನನಗೆ ತೋರುತ್ತದೆ, ಆದರೂ ನೋಡುತ್ತೇನೆ" ಎನ್ನುವ ಮನಸ್ಸನ್ನು ಪಡೆಯಲೆಂದೇ ಚಾಲಕರನ್ನು ಆ ಉಕ್ಕಿನ ಕೋಣೆಯಲ್ಲಿ ಕೂರಿಸುವರು. ಅದು ನಿಮ್ಮ ಮಗಳಿಗೆ ಮನೆಯಲ್ಲಿಯೇ ಬಂದಿದೆ. ಮುಂದಿನ ಗಣಿತವನ್ನೂ ಭೌತವಿಜ್ಞಾನವನ್ನೂ ಆಕೆಯು ಕಲಿಯಬೇಕು. ಕಲಿಯಲು ನೀವು ಬಿಡಬೇಕು. 2016ರಲ್ಲಿ ವಾಯುಪಡೆಯ ಮೊದಲ ಮಹಿಳಾ ಯುದ್ಧವಿಮಾನ ಚಾಲಕಿಯರಾಗಿ ಸೇರಿದ ಅವನಿ ಚತುರ್ವೇದಿ, ಭಾವನಾ ಕಾಂತ್, ಮೋಹನಾ ಸಿಂಗ್ ಎಂಬ ಮೂವರು ಹಾಕ್ ವಿಮಾನವನ್ನು ನಡೆಸಲು ಕಲಿತದ್ದು ನಮ್ಮ ಕಲ್ಯಾಣ ಕರ್ನಾಟಕದ ಬೀದರಿನಲ್ಲಿಯೇ. ಅದೇ ವಾಯುಪಡೆಯಲ್ಲಿ ಏರ್ ಮಾರ್ಷಲ್ ಪದವಿಗೇರಿದ ಮೊದಲ ಮಹಿಳೆ ಪದ್ಮಾ ಬಂಡೋಪಾಧ್ಯಾಯ ಅವರು ವಾಯುಯಾನ ವೈದ್ಯಶಾಸ್ತ್ರದಲ್ಲಿ ಪರಿಣತರು.

ವಿಮಾನದಲ್ಲಿ ಪ್ರಯಾಣಿಸುವ ತಾಯಂದಿರಿಗೂ ಒಂದು ಮಾತು. ತಲೆಯ ಮೇಲಿನಿಂದ ಮುಖವಾಡಗಳು ಇಳಿದಾಗ, ತಾಯಿಯ ಮನಸ್ಸು ಮೊದಲು ಮಗುವಿಗೆ ತೊಡಿಸಲು ಹಾತೊರೆಯುವುದು. ಹಾಗೆ ಮಾಡಬೇಡಿರಿ. ನೀವು ತೊಟ್ಟುಕೊಂಡು, ಬಳಿಕ ಮಗುವಿಗೆ ತೊಡಿಸಿರಿ. ನಿಮ್ಮ ಬುದ್ಧಿ ನೆಟ್ಟಗಿದ್ದರೆ ಮಾತ್ರ ಮಗುವು ಉಳಿದೀತು.

ಎತ್ತರಕ್ಕೆ ಏರಿದವರಿಗೆ ತಾವು ಸರಿಯಾಗಿಯೇ ಇರುವೆವೆಂದು ತೋರುವುದು ವಿಮಾನದಲ್ಲಿ ಮಾತ್ರವಲ್ಲ. ಪಕ್ಕದವರು ಎಚ್ಚರಿಸಿದಾಗ ಕಿವಿಗೊಡುವ ವಿನಯವನ್ನು ದೇವರು ನಮಗೂ ನಮ್ಮ ಮಕ್ಕಳಿಗೂ ದಯಪಾಲಿಸಲಿ.