ಲಿಂಗ ನೋಡುವ ಕಣ್ಣು

ಬೆಳಕು ಮತ್ತು ನೋಟದ ಮೇಲೆ ನಿಂತ ದರ್ಶನ ಹುಡುಕಿ ನಮ್ಮ ಮುದ್ದೇಬಿಹಾಳ ಸೀಮೆಯವರು ದೂರ ಹೋಗಬೇಕಿಲ್ಲ. ಎಡ ಅಂಗೈಯಲ್ಲಿ ಇಷ್ಟಲಿಂಗವಿಟ್ಟು ಎವೆಯಿಕ್ಕದೆ ನೋಡುವ ದೃಷ್ಟಿಯೋಗ ಶರಣರ ಸಾಧನೆ. ಇಲ್ಲಿನ ತಂಗಡಗಿಗೆ ಬಂದು ಅದನ್ನು ಕೇಳುವ ಕಿರಿಯರಿಗೆ ಹೇಳುತ್ತ ಬಂದದ್ದನ್ನೇ ಇಲ್ಲಿ ಬರೆದಿದ್ದೇನೆ.

1. ದೀಪವನ್ನು ಕಣ್ಣೆದುರು ಇಡಬೇಡಿ. ಹೆಗಲ ಹಿಂದೆ, ತುಸು ಎತ್ತರದಲ್ಲಿರಲಿ. ಲಿಂಗದ ಮೇಲಿನ ಕರಿ ಕವಚ ನುಣುಪಾಗಿ ಉಬ್ಬಿರುವುದರಿಂದ ಉಬ್ಬುಗನ್ನಡಿಯ ಕೆಲಸ ಮಾಡುತ್ತದೆ, ಹಿಂದಿನ ದೀಪವನ್ನು ಸಾಸಿವೆ ಕಾಳಷ್ಟು ಕಿರಿದು ಮಾಡಿ ತೋರಿಸುತ್ತದೆ. ಟ್ಯೂಬ್‌ಲೈಟ್ ಹಾಕಿದರೆ ಬಿಂದುವಿನ ಬದಲು ಗೆರೆ, ಕಿಟಕಿ ತೆರೆದರೆ ಚೌಕ. ವಿಭೂತಿ ಹಚ್ಚಿದರೆ ಹೊಳಪು ಮಂಕಾಗುತ್ತದೆ, ಬಿಂದು ಕೂರುವಷ್ಟು ಜಾಗ ಒರೆಸಿಕೊಳ್ಳಿ. ಹಾಗೆ ಒರೆಸುವುದು ಅಪಚಾರ ಎನ್ನುವ ಹಿರಿಯರಿದ್ದಾರೆ. ನಾನು ಒಪ್ಪುವುದಿಲ್ಲ.

2. ಕಣ್ಣೀರು ಬರಲೇಬೇಕೆಂಬ ಹಟ ಬೇಡ. ಹಠಯೋಗ ಪ್ರದೀಪಿಕೆ ತ್ರಾಟಕವನ್ನು ಷಟ್ಕರ್ಮಗಳಲ್ಲಿ ಒಂದೆಂದು ಎಣಿಸಿ, ಕಣ್ಣೀರು ಬರುವ ತನಕ ನೋಡು ಎನ್ನುತ್ತದೆ. ಅದು ಶುದ್ಧಿಕ್ರಿಯೆ, ಅದರ ಉದ್ದೇಶವೇ ಬೇರೆ. ನಮಗೆ ಕಣ್ಣು ಉರಿದರೆ ಮುಚ್ಚಬೇಕು, ಅಷ್ಟೇ. ಗ್ಲಾಕೋಮಾ ಇದ್ದವರು, ಮೋತಿಬಿಂದು ಆಪರೇಷನ್ ಆದವರು ಮೊದಲು ಡಾಕ್ಟರರನ್ನು ಕೇಳಿ ಬನ್ನಿ.

3. ಕಂಡದ್ದೆಲ್ಲ ದರ್ಶನವಲ್ಲ. ಇದನ್ನು ಎಷ್ಟು ಸಲ ಹೇಳಿದರೂ ಕಡಿಮೆಯೇ. ಒಂದೇ ಬಿಂದುವಿನ ಮೇಲೆ ನೋಟ ನಿಂತರೆ ಸ್ವಲ್ಪ ಹೊತ್ತಿಗೆ ಅಂಗೈಯ ಅಂಚು ಮಾಸುತ್ತದೆ, ಬೆರಳು ಕರಗಿದಂತಾಗುತ್ತದೆ. ‘ದೇಹ ಹೋಯಿತು ಅಪ್ಪಾರೆ!’ ಎಂದು ಹುಡುಗರು ಹಿಗ್ಗುತ್ತಾರೆ. ಬದಲಾಗದ ಚಿತ್ರವನ್ನು ಕಣ್ಣಿನ ನರಗಳು ಕ್ರಮೇಣ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಟ್ರಾಕ್ಸ್ಲರ್ ಎಂಬ ಸ್ವಿಸ್ ವೈದ್ಯ 1804ರಲ್ಲೇ ಇದನ್ನು ಬರೆದಿಟ್ಟಿದ್ದಾನೆ. ರೆಪ್ಪೆ ಮುಚ್ಚಿದ ಮೇಲೆ ತೇಲುವ ಬಣ್ಣದ ಚುಕ್ಕೆಯೂ ದಣಿದ ಅಕ್ಷಿಪಟದ ಕೆಲಸವೇ. ಇಷ್ಟು ಹೇಳಿದರೆ ಕೆಲವರ ಮುಖ ಬಾಡುತ್ತದೆ, ಸಾಧನೆಯೇ ಸುಳ್ಳಾಯಿತೇನೋ ಅನ್ನುವ ಹಾಗೆ. ಶರಣರು ಕುರುಹು ಬೇರೆ, ಅರಿವು ಬೇರೆ ಎಂದು ಮೊದಲೇ ಬೇರ್ಪಡಿಸಿದ್ದಾರಲ್ಲ! ಬಿಂದು ಬರಿಯ ಕುರುಹು. ಅದು ಮಾಸಿತು, ಮತ್ತೆ ಮೂಡಿತು ಎಂದು ಗೊತ್ತುಮಾಡಿಕೊಳ್ಳುವವನು ಯಾರು? ನೋಟ ಅವನತ್ತ ಹೊರಳಿದರೆ ಕೂತದ್ದಕ್ಕೆ ಅರ್ಥ ಬಂತು.

4. ಕತ್ತಲಿಗೂ ಸಮಯ ಕೊಡಿ. ನಡುಹಗಲಲ್ಲಿ ಕೂಡಲಸಂಗಮದ ಐಕ್ಯಮಂಟಪದ ಬಾವಿಗೆ ಇಳಿದವರಿಗೆ ಗೊತ್ತು, ಕೆಳಗಿನ ಲಿಂಗ ತಟ್ಟನೆ ಕಣ್ಣಿಗೆ ಸಿಗುವುದಿಲ್ಲ. ಕಣ್ಣು ಕತ್ತಲಿಗೆ ಪೂರ್ತಿ ಹೊಂದಲು 20–30 ನಿಮಿಷ ಬೇಕು. ನಸುಕಿನಲ್ಲಿ ಮೊಬೈಲ್ ನೋಡಿ ಬಂದು ಕೂರುವವರಿಗೆ ಇದು ವಿಶೇಷವಾಗಿ ಅನ್ವಯ.

5. ಅನಿಮಿಷಯ್ಯನ ಕಥೆಯನ್ನು ಎಚ್ಚರದಿಂದ ಕೇಳಿ. ಹರಿಹರನ ಪ್ರಭುದೇವರ ರಗಳೆಯಲ್ಲಿ ಅಲ್ಲಮ ನೆಲ ಕೆದಕಿದಾಗ ದೇಗುಲ ಸಿಗುತ್ತದೆ. ಒಳಗೆ ಅನಿಮಿಷಯ್ಯ ಕರಸ್ಥಲದ ಲಿಂಗದಲ್ಲಿ ನೋಟ ನೆಟ್ಟು ಕೂತಿದ್ದಾನೆ. ಆ ಲಿಂಗ ಅಲ್ಲಮನ ಕೈಗೆ ಬರುತ್ತಿದ್ದಂತೆ ಅನಿಮಿಷಯ್ಯನ ಪ್ರಾಣ ಹೋಗುತ್ತದೆ. ಎಲ್ಲರೂ ಅನಿಮಿಷಯ್ಯನನ್ನು ಹೊಗಳುತ್ತಾರೆ. ನನಗೆ ಮುಖ್ಯವೆನಿಸುವುದು ಅಲ್ಲಮನ ಪಾಲು: ಲಿಂಗ ಪಡೆದವನು ಆ ದೇಗುಲದಲ್ಲೇ ಕೂರಲಿಲ್ಲ, ಎದ್ದು ಊರೂರು ತಿರುಗಿದ.

6. ಪೂಜೆ ಮುಗಿಸಿ ಎದ್ದ ಮೇಲೆ ನಿಜವಾದ ಕೆಲಸ ಶುರು. ಷಟ್‌ಸ್ಥಲದಲ್ಲಿ ಒಂದೊಂದು ಇಂದ್ರಿಯಕ್ಕೆ ಒಂದೊಂದು ಲಿಂಗ. ಮೂಗಿಗೆ ಆಚಾರಲಿಂಗ, ನಾಲಗೆಗೆ ಗುರುಲಿಂಗ, ಕಣ್ಣಿಗೆ ಶಿವಲಿಂಗ, ತೊಗಲಿಗೆ ಜಂಗಮಲಿಂಗ, ಕಿವಿಗೆ ಪ್ರಸಾದಲಿಂಗ, ಹೃದಯಕ್ಕೆ ಮಹಾಲಿಂಗ. ಪಟ್ಟಿಯನ್ನು ಬಾಯಿಪಾಠ ಮಾಡಿಸುವುದು ಸುಲಭ. ಅರ್ಥ ಮಾತ್ರ ಭಾರಿ: ಕಣ್ಣು ಕಂಡ ರೂಪವೆಲ್ಲ ಮೊದಲು ಶಿವಲಿಂಗಕ್ಕೆ ಅರ್ಪಿತವಾಗಬೇಕು, ಆಮೇಲೆ ಪ್ರಸಾದವಾಗಿ ನಮಗೆ ಬರಬೇಕು. ಸಂತೆಯಲ್ಲಿ ಜೋಳದ ರಾಶಿ ನೋಡುವಾಗ, ನೆರೆಯವರ ಹೊಸ ಮನೆ ನೋಡುವಾಗ ಅದನ್ನು ಪ್ರಯತ್ನಿಸಿ. ಹೊಟ್ಟೆಕಿಚ್ಚಿನ ನೋಟವನ್ನು ಅರ್ಪಿಸಲು ಆಗುವುದಿಲ್ಲ, ಕೈ ತಡೆಯುತ್ತದೆ. ಫ.ಗು. ಹಳಕಟ್ಟಿಯವರು 1923ರಲ್ಲಿ ‘ವಚನಶಾಸ್ತ್ರಸಾರ’ ಪ್ರಕಟಿಸಿದ ಮೇಲೆ ಇವೆಲ್ಲ ಓದುವವರ ಕೈಗೆ ಬಂದವು. ಓದಿ ವಾಗದ್ವೈತ ಬೆಳೆಸಿಕೊಂಡವರೂ ನಮ್ಮಲ್ಲಿ ಕಡಿಮೆಯಿಲ್ಲ.

7. ಬೆಳಕು ಇನ್ನೊಂದು ಊರಲ್ಲಿದೆ ಎಂದು ತಿಳಿಯಬೇಡಿ. ಕಲ್ಯಾಣದಿಂದ ಮಡದಿ ನೀಲಮ್ಮ ತಾಯಿಯನ್ನು ಸಂಗಮಕ್ಕೆ ಕರೆತರಲು ಬಸವಣ್ಣನವರು ಹಡಪದ ಅಪ್ಪಣ್ಣನವರನ್ನು ಕಳಿಸಿದರು, ದಾರಿಯಲ್ಲಿ ತಂಗಡಗಿ ತಲುಪುವಷ್ಟರಲ್ಲಿ ಬಸವಣ್ಣನವರು ಐಕ್ಯರಾದ ಸುದ್ದಿ ಬಂತು ಎಂದು ನಮ್ಮ ಕಡೆ ಹೇಳುತ್ತಾರೆ. ತಾಯಿ ಮುಂದೆ ಹೋಗಲಿಲ್ಲ. ಸಂಗಯ್ಯ ಇಲ್ಲೂ ಇದ್ದಾನೆಂದು ಕೃಷ್ಣೆಯ ದಂಡೆಯಲ್ಲೇ ಅಂಗೈ ಲಿಂಗದಲ್ಲಿ ಬಯಲಾದರು. ಅವರ ವಚನಗಳ ಅಂಕಿತವೂ ‘ಸಂಗಯ್ಯ’ ಎಂದೇ ಇದೆ. ಸಂಗಮ ಕೂಗಳತೆಯಲ್ಲೇನೂ ಇಲ್ಲ, ಆದರೆ ತೀರ ದೂರವೂ ಅಲ್ಲ. ಹೋಗಬಹುದಿತ್ತು.

8. ಕೊನೆಗೆ ಮನುಷ್ಯರ ಮುಖ. ಅಪ್ಪಣ್ಣನವರ ಗುರುಪೀಠವೂ ಇದೇ ಊರಲ್ಲಿದೆ, ಕ್ಷೌರ ವೃತ್ತಿಯ ಹಡಪದ ಸಮಾಜದವರು ದೂರದೂರದಿಂದ ಬರುತ್ತಾರೆ. ಬೆಳಗಾಗೆದ್ದು ಕ್ಷೌರಿಕರ ಮುಖ ಕಂಡರೆ ಅಪಶಕುನ ಎಂದುಕೊಳ್ಳುವ ಮಂದಿ ಇನ್ನೂ ಇದ್ದಾರೆ. ಮಹಾಮನೆಯಲ್ಲಿ ಬಸವಣ್ಣನವರನ್ನು ಕಾಣಬಂದವರು ಮೊದಲು ಅಪ್ಪಣ್ಣನವರ ಮುಖ ಕಾಣಬೇಕಿತ್ತೆಂದು ಆ ಸಮಾಜದ ಹಿರಿಯರು ಹೇಳುತ್ತಾರೆ. ಅದಕ್ಕೇ ಕಲಿಯಲು ಬಂದವರ ಕೈಗೆ ನಾನು ಮೊದಲ ವಾರ ಲಿಂಗ ಹಿಡಿಸುವುದಿಲ್ಲ. ಓಣಿಯಲ್ಲಿ ಯಾರು ಎದುರಾದಾಗ ನಿಮ್ಮ ಕಣ್ಣು ತಪ್ಪಿಸಿಕೊಳ್ಳುತ್ತದೆ, ನೋಡಿಕೊಂಡು ಬನ್ನಿ ಅನ್ನುತ್ತೇನೆ. ಕೆಲವರು ತಿರುಗಿ ಬರುವುದಿಲ್ಲ. ಬಂದವರು ಬಹಳ ಹೊತ್ತು ಮಾತಾಡುತ್ತಾರೆ.